ಪಥ್ಯ ಬಿಟ್ಟ ದಿನ

ನನ್ನ ಗಂಡ ಐತಪ್ಪ ಮದರಾಸಿನ ಪ್ಯಾರೀಸ್ ಕಾರ್ನರಿನ ಒಂದು ಸಸ್ಯಾಹಾರಿ ಹೋಟೆಲಿನಲ್ಲಿ ಮೂವತ್ತೈದು ವರ್ಷ ಇಡ್ಲಿ ಬೇಯಿಸಿದವರು. ೨೦೦೩ರ ಬೇಸಿಗೆಯಲ್ಲಿ ಅವರಿಗೆ ಮೆಟ್ಟಿಲು ಹತ್ತಲು ಉಸಿರು ಸಾಲದಾಯಿತು. ಆಸ್ಪತ್ರೆಯಲ್ಲಿ ಬೆನ್ನಿಗೆ ಸೂಜಿ ಚುಚ್ಚಿ ಒಂದೂವರೆ ಲೀಟರು ನೀರು ತೆಗೆದರು. ಆಮೇಲೆ ಏನೇನೋ ಪರೀಕ್ಷೆ. ಕಾಯಿಲೆಯ ಹೆಸರು ಮೀಸೋಥೀಲಿಯೋಮಾ ಅಂತೆ. ನನ್ನ ತಲೆಗೆ ಹೊಕ್ಕಿದ್ದು ಮೀಸೆ ಒಂದೇ. ಚಿಕ್ಕ ಡಾಕ್ಟರು ಅವಸರದ ತಮಿಳಿನಲ್ಲಿ ಹೇಳಿದ್ದರಲ್ಲಿ ಇನ್ನೆರಡು ಮಾತು ಕೈಗೆ ಸಿಕ್ಕವು: 'ಕಲ್', 'ತಣ್ಣಿ'. ಅಂದರೆ ಎದೆಯಲ್ಲಿ ಕಲ್ಲೂ ಉಂಟು, ನೀರೂ ಉಂಟು.

ಕಲ್ಲು ಕರಗಲು ಬಾಳೆದಿಂಡಿನ ರಸ ಕುಡಿಸಬೇಕು, ಅದು ನಮ್ಮೂರಿನ ಮಕ್ಕಳಿಗೂ ಗೊತ್ತು. ಆದರೆ ಎದೆಯಲ್ಲಿ ನೀರು ತುಂಬಿದವರಿಗೆ ಮತ್ತೆ ನೀರು ಕೊಡಬಹುದೇ? ದಿಂಡಿನ ರಸವೂ ನೀರೇ ಅಲ್ಲವೇ? ತಲೆ ಕೆಟ್ಟು ಮೊಸರಾಯಿತು. ಕೊನೆಗೆ ನಾನೇ ಒಂದು ಪಥ್ಯ ಮಾಡಿದೆ. ಬೆಳಿಗ್ಗೆ ಅರ್ಧ ಲೋಟ ರಸ, ಮತ್ತೆ ಇಡೀ ದಿನಕ್ಕೆ ಒಂದೇ ಲೋಟ ನೀರು.

ಮದರಾಸಿನ ಮೇ ತಿಂಗಳು ಬೇರೆ. "ಒಂದು ಗುಟುಕು ಕೊಡು ಮಾರಾಯ್ತಿ" ಎಂದು ಅವರು ತುಟಿ ನೆಕ್ಕುತ್ತಿದ್ದರು.

"ನಿಮಗೆ ಗುಣ ಆಗುದು ಬೇಡ್ವಾ?" ಎಂದು ಗದರುತ್ತಿದ್ದೆ. ಗದರಿ, ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡು, ಚೊಂಬೆತ್ತಿ ಗಟಗಟ ಕುಡಿಯುತ್ತಿದ್ದೆ. ಅವರೆದುರು ಕುಡಿಯಲು ಮನಸ್ಸು ಬರುತ್ತಿರಲಿಲ್ಲ.

ಇಷ್ಟು ಕಟ್ಟುನಿಟ್ಟು ಮಾಡಿದರೂ ಹದಿನೈದೇ ದಿನಕ್ಕೆ ಎದೆಯಲ್ಲಿ ಮತ್ತೆ ನೀರು. ಈ ಸಲ ಅದನ್ನು ತೆಗೆದ ದೊಡ್ಡ ಡಾಕ್ಟರು ಜಯಲಕ್ಷ್ಮೀ ನನ್ನ ಗಂಡನ ಒಣಗಿದ ನಾಲಿಗೆ ನೋಡಿದರು. ನನ್ನೊಬ್ಬಳನ್ನೇ ಪಕ್ಕದ ಕೋಣೆಗೆ ಕರೆದು ವಿಚಾರಿಸಿದರು. ನಾನು ನನ್ನ ಪಥ್ಯ ಒಪ್ಪಿಸಿದೆ.

"ಕಲ್ ಇಲ್ಲೆಮ್ಮಾ. ಕಲ್ನಾರ್. ಆಸ್ಬೆಸ್ಟಾಸ್."

ಕಲ್ಲಲ್ಲ, ಕಲ್ಲಿನ ನಾರು ಎಂದಾಗ ಹೋಟೆಲಿನ ಬಾಯ್ಲರ್ ನೆನಪಾಯಿತು. ಉಗಿಯ ಕೊಳವೆಗಳಿಗೆ ಸುತ್ತುವ ಬಿಳಿ ನಾರಿನ ಹಗ್ಗವನ್ನು ಅವರು ಕೈಯಲ್ಲೇ ಹರಿದು ಸುತ್ತುತ್ತಿದ್ದರು. ಹುಬ್ಬೆಲ್ಲ ಬಿಳಿ ಮಾಡಿಕೊಂಡು ಮನೆಗೆ ಬಂದರೆ, "ಹಿಟ್ಟಿನ ಡಬ್ಬಿಯಲ್ಲಿ ಮಲಗಿದ್ರಾ?" ಎಂದು ನಾನು ನಗುತ್ತಿದ್ದೆ.

ಡಾಕ್ಟರು ನಿಧಾನವಾಗಿ ಬಿಡಿಸಿ ಹೇಳಿದರು. ಅಂದಿನ ಧೂಳು ಇಂದು ಶ್ವಾಸಕೋಶದ ಹೊರಪೊರೆಯಲ್ಲಿ ಕ್ಯಾನ್ಸರ್ ಆಗಿದೆ. ಕುಡಿದ ನೀರಿಗೂ ಎದೆಯ ನೀರಿಗೂ ಸಂಬಂಧವೇ ಇಲ್ಲ. ಗುಣವಾಗುವುದಿಲ್ಲ, ಉಳಿದದ್ದು ಕೆಲವು ತಿಂಗಳು. ನೀರು ತುಂಬಿದಾಗ ತೆಗೆಯಬಹುದು, ನೋವಿಗೂ ಏದುಸಿರಿಗೂ ಮಾರ್ಫಿನ್ ಕೊಡಬಹುದು. ಅವರು ಕೇಳಿದ್ದನ್ನೆಲ್ಲ ಕೊಡಿ ಎಂದರು. ಹದಿನೈದು ದಿನ ನಾನು ಅವರನ್ನು ನೀರಿಗೂ ಬೇಡಿಸಿದ್ದೆ.

ಮನೆಗೆ ಬಂದವಳೇ ಹೂಜಿಯಿಂದ ದೊಡ್ಡ ಲೋಟ ತುಂಬಿಸಿ ಕೊಟ್ಟೆ. ಅವರು ಕುಡಿಯದೆ ನನ್ನ ಮುಖ ನೋಡಿದರು.

"ಅಕ್ಕು, ಪಥ್ಯ ಬಿಡಿಸುದು ಎರಡೇ ಸಲ. ಗುಣ ಆದಾಗ, ಇಲ್ಲಾ ಇನ್ನು ಆಗುದಿಲ್ಲ ಅಂತ ಗೊತ್ತಾದಾಗ. ಇದು ಯಾವ್ದು?"

ಸುಳ್ಳು ಹೇಳಲು ಬಾಯಿ ತೆರೆದೆ, ಬರಲಿಲ್ಲ. "ಎರಡನೇದು" ಎಂದೆ.

ಅವರು ಅರ್ಧ ಲೋಟ ನಿಧಾನವಾಗಿ ಕುಡಿದು, ಉಳಿದರ್ಧವನ್ನು ನನ್ನ ಕೈಗೆ ಕೊಟ್ಟರು.

"ನೀನೂ ಇಲ್ಲೇ ಕುಡಿ. ಬಚ್ಚಲಲ್ಲಿ ಕದ್ದು ಕುಡಿಯುದು ಸಾಕು."