ಸುನಂದಾ ತೋರಿಸಿದ ರೋಹಿಣಿ

ದೇವರು ಸುನಂದಾಳ ಕಾಲಿಗೆ ಚಕ್ರ ಕಟ್ಟಿಯೇ ಕಳಿಸಿದ್ದಾನೆ ಎಂದು ಅವಳ ಅತ್ತೆ ಸಾವಿತ್ರೆವ್ವ ಓಣಿಗೆಲ್ಲ ಹೇಳಿಕೊಂಡು ಬಂದಿದ್ದಳು. ಮಾತು ಸುಳ್ಳಲ್ಲ. ಹಂಚಿನ ಮೇಲೆ ರೊಟ್ಟಿ ಹಾಕಿ ಹಿತ್ತಲಿಗೆ ಹೋಗುವಳು, ಹಿತ್ತಲಿನಿಂದ ಮಾಳಿಗೆ ಹತ್ತುವಳು, ಮಾಳಿಗೆಯ ಮೇಲೆ ನಿಂತು ನಾನೇಕೆ ಬಂದೆ ಎಂದು ತನ್ನನ್ನೇ ಕೇಳಿಕೊಳ್ಳುವಳು. ರೊಟ್ಟಿ ಹೊತ್ತಿದ ವಾಸನೆಯೇ ಅವಳನ್ನು ಕೆಳಗೆ ಕರೆಯಬೇಕು. ನಲವತ್ತಕ್ಕೆ ಎರಡು ಕಡಿಮೆ ವಯಸ್ಸು, ಹದಿನೆಂಟು ವರ್ಷದ ಸಂಸಾರ. ಒಂದು ಕಡೆ ಕೂತು ಒಂದು ಕಪ್ ಚಹಾ ಪೂರ್ತಿ ಕುಡಿದದ್ದನ್ನು ಕಂಡವರಿಲ್ಲ.

ಅವಳು ಕೂರುತ್ತಿದ್ದ ಜಾಗ ಒಂದೇ. ಗುಡೂರಿನಿಂದ ಇಳಕಲ್ಲಿಗೆ ಹೋಗುವ ದಾರಿಯಲ್ಲಿರುವ ಆ ಸಣ್ಣ ಊರಿನ ಪಂಚಾಯಿತಿ ಗ್ರಂಥಾಲಯಕ್ಕೆ ಅವಳೇ ಮೇಲ್ವಿಚಾರಕಿ. ಮುಂಜಾನೆ ಹಿರಿಯರು ಪೇಪರ್ ಓದಲು ಬರುತ್ತಾರೆ, ಮಧ್ಯಾಹ್ನ ನೌಕರಿ ಪರೀಕ್ಷೆಗೆ ಓದುವವರು ಬರುತ್ತಾರೆ. ಅವರೆಲ್ಲ ಹೋದ ಮೇಲೆ ಸುನಂದಾ ಕಬ್ಬಿಣದ ಕಪಾಟಿನ ಕೆಳಗಿನ ಸಾಲಿಗೆ ಕೈ ಹಾಕುವಳು. ಅಲ್ಲಿ ಆರು ಪುಸ್ತಕಗಳಿದ್ದವು. ಯಾವ ಪುಣ್ಯಾತ್ಮ ಆರಿಸಿದ್ದನೋ ಏನೋ, ಐದು ವರ್ಷದ ಹಿಂದೆ ಒಂದು ರಟ್ಟಿನ ಪೆಟ್ಟಿಗೆಯಲ್ಲಿ ಬಂದವು. ಬರಿಗಣ್ಣಿನಿಂದ ಆಕಾಶ ನೋಡುವುದು ಹೇಗೆ ಎಂದು ಹೇಳುವುದು ಒಂದು. ತಿಂಗಳಿಗೊಂದರಂತೆ ಹನ್ನೆರಡು ನಕ್ಷೆಗಳಿರುವುದು ಇನ್ನೊಂದು. ಗ್ಯಾಲಕ್ಸಿಗಳ ಬಗ್ಗೆ ದಪ್ಪನೆಯದೊಂದು. ಉಳಿದ ಮೂರು ಕಾದಂಬರಿಗಳು, ಆಕಾಶದಲ್ಲಿ ಚಿಕ್ಕಿಯಿಂದ ಚಿಕ್ಕಿಗೆ ಹಡಗು ನಡೆಸುವವರ ಕಥೆಗಳು.

ಈ ಆರರ ಮುಂದೆ ಕೂತಾಗ ಮಾತ್ರ ಅವಳ ಕಾಲು ನಿಲ್ಲುತ್ತಿದ್ದವು. ಇಳಕಲ್ಲಿನ ತವರಿನಲ್ಲಿ, ಮಗ್ಗದಿಂದ ಎದ್ದ ಅಪ್ಪ ಸಂಕ್ರಾಂತಿಯ ಚಳಿಯಲ್ಲಿ ಮಾಳಿಗೆಗೆ ಕರೆದೊಯ್ದು, ನೆತ್ತಿಯ ಮೇಲಿನ ಕೆಂಪು ಚಿಕ್ಕಿಯನ್ನು ಇದು ರೋಹಿಣಿ ಎಂದು ತೋರಿಸಿದ್ದ. ಪಿಯುಸಿಯಲ್ಲಿ ವಿಜ್ಞಾನ ಓದಬೇಕೆಂದಿದ್ದಳು. ಆಗಲಿಲ್ಲ, ಮದುವೆ ಆಯಿತು. ಗಂಡ ನಾಗಲಿಂಗ ಟಂಟಂ ಆಟೋ ಓಡಿಸುವವನು, ಒಳ್ಳೆಯವನು, ಗ್ಯಾಲಕ್ಸಿ ಎಂದರೆ ಮೊಬೈಲಿನ ಹೆಸರು ಎಂದುಕೊಂಡವನು. ಅತ್ತೆಗೂ ಒಮ್ಮೆ ಹೇಳಿ ನೋಡಿದ್ದಳು.

“ಅತ್ತಿ, ನಮ್ಮ ಬಾಜೂದ ಗ್ಯಾಲಕ್ಸಿಯಿಂದ ಬೆಳಕ ನಮ್ಮ ಕಡೆ ಬರಾಕ ಇಪ್ಪತ್ತೈದು ಲಕ್ಷ ವರ್ಷ ಬೇಕಂತ್ರಿ.”

“ಬರ್ಲಿ ಬಿಡವ್ವ, ಅದಕ್ಕೇನ ಅವಸರಿಲ್ಲ. ನೀ ಮದಲ ಆ ರೊಟ್ಟಿ ತಿರುವಿ ಹಾಕು.”

ಮೇ ತಿಂಗಳ ನಡುವೆ ಮೇಲಿನಿಂದ ಪತ್ರ ಬಂತು. ಮೂರು ವರ್ಷದಿಂದ ಯಾರೂ ಮನೆಗೆ ಒಯ್ಯದ ಪುಸ್ತಕಗಳನ್ನು ಬೇರೆ ಮಾಡಿ ಇಡಿ, ಜೂನ್ ಮೊದಲ ವಾರ ಬಂದು ಒಯ್ಯುತ್ತೇವೆ, ಆ ಜಾಗಕ್ಕೆ ಪರೀಕ್ಷೆಯ ಗೈಡುಗಳು ಬರುತ್ತವೆ. ಸುನಂದಾ ಎರವಲಿನ ದಾಖಲೆ ತೆಗೆದು ನೋಡಿದಳು. ಆರು ಪುಸ್ತಕಗಳ ಮುಂದೆಯೂ ಒಂದೇ ಒಂದು ಹೆಸರಿರಲಿಲ್ಲ. ಅವಳಾದರೂ ಓದಿದ್ದೆಲ್ಲ ಆ ಕುರ್ಚಿಯಲ್ಲೇ ಕೂತು. ಮನೆಗೆ ಒಯ್ದವಳಲ್ಲ, ಬರೆದವಳಲ್ಲ. ಈಗ ತನ್ನದೇ ಹೆಸರನ್ನು ಹಿಂದಿನ ತಾರೀಖಿಗೆ ಬರೆಯಲು ಕೈ ಬರಲಿಲ್ಲ. ಪತ್ರ ಬಂದ ಮೇಲೆ ಮೇಲ್ವಿಚಾರಕಿಯೇ ಆರನ್ನೂ ಒಯ್ದಳೆಂದರೆ ಮೇಲಿನವರು ಒಪ್ಪುವುದಿಲ್ಲ. ಬಚ್ಚಿಡೋಣವೆಂದರೆ ಮೇಲಿನವರ ಪಟ್ಟಿಯಲ್ಲಿ ಪುಸ್ತಕಗಳ ಹೆಸರಿವೆ. ಕೊಳ್ಳೋಣವೆಂದರೆ ಇಳಕಲ್ಲು, ಬಾಗಲಕೋಟೆ ಎರಡೂ ಕಡೆ ಕೇಳಿಸಿ ಆಗಿತ್ತು, ಅಂಥವು ಈಗ ಬರುವುದಿಲ್ಲ ಎಂದಿದ್ದರು. ಆ ಸಾಲು ಖಾಲಿಯಾದರೆ ಈ ಊರಿನಲ್ಲಿ ತನಗೆ ಉಸಿರು ಕಟ್ಟುತ್ತದೆ ಎಂದು ಅವಳಿಗೆ ನಿಜವಾಗಿಯೂ ಅನ್ನಿಸಿತು. ಆ ದಿನ ಮನೆಯಲ್ಲಿ ಮೂರು ಸಲ ಕಸ ಗುಡಿಸಿದಳು.

ದಾರಿ ತೋರಿಸಿದವನು ಚಂದಪ್ಪಜ್ಜ. ಎಪ್ಪತ್ತು ದಾಟಿದ ರೈತ, ತಲೆಯ ಮೇಲಿನ ಕೆಂಪು ರುಮಾಲು ಮಲಗುವಾಗ ಬಿಟ್ಟರೆ ಇಳಿಸದವನು. ರಾಮಥಾಳದ ಕಡೆ ಹೊಳೆಯ ನೀರು ಪೈಪಿನಲ್ಲಿ ಬಂದರೂ ಈ ಊರು ಬಿತ್ತುವುದಕ್ಕೆ ಚಂದಪ್ಪಜ್ಜನ ಬಾಯಿ ನೋಡುತ್ತಿತ್ತು. ಯಾವ ಮಳೆ ನಕ್ಷತ್ರ ಯಾವತ್ತು ಕೂಡುತ್ತದೆ, ಯಾವತ್ತು ಮುಗಿಯುತ್ತದೆ ಎಂಬುದೆಲ್ಲ ಅವನ ನಾಲಿಗೆಯ ತುದಿಯಲ್ಲಿ. ಮುಂಜಾನೆ ಪೇಪರ್ ಮಡಚಿಡುತ್ತ ಹೇಳಿದ:

“ರೋಹಿಣಿ ಕೂಡಾಕ ಇನ್ನ ಎಂಟು ದಿನ ನೋಡವ್ವ. ರೋಹಿಣಿ ಮಳಿ ಬಂದ್ರ ಓಣಿಯೆಲ್ಲಾ ಜ್ವಾಳ.”

ಸುನಂದಾ ಕುರ್ಚಿಯಿಂದ ಜಿಗಿದೆದ್ದಳು. ಊರಿಗೆ ಊರೇ ದಿನಾ ಚಿಕ್ಕಿಗಳ ಹೆಸರು ಹೇಳುತ್ತದೆ, ಆ ಚಿಕ್ಕಿ ಯಾವುದೆಂದು ತೋರಿಸಿದರೆ ಪುಸ್ತಕ ಒಯ್ಯದೆ ಇರುತ್ತಾರೆಯೇ! ಹೊರಗೆ ಬೋರ್ಡಿನ ಮೇಲೆ ಸೀಮೆಸುಣ್ಣದ ಕಡ್ಡಿಯಿಂದ ದೊಡ್ಡದಾಗಿ ಬರೆದಳು: ರೋಹಿಣಿ ಮಳೆ ಕೂಡುವ ದಿನ ಸಂಜೆ ಗ್ರಂಥಾಲಯದ ಮಾಳಿಗೆಯ ಮೇಲೆ ರೋಹಿಣಿ ನಕ್ಷತ್ರ ತೋರಿಸಲಾಗುವುದು. ಪಂಚಾಯಿತಿಯ ಕಸದ ಗಾಡಿ ಓಡಿಸುವ ಲಾಡಬಿ ಅವಳ ಗೆಳತಿ. ಹಸಿ ಕಸ ಒಣ ಕಸದ ನಡುವೆ ಅದನ್ನೂ ಮೈಕಿನಲ್ಲಿ ಓಣಿ ಓಣಿಗೆ ಸಾರಿದಳು. ಹೇಳಿ ಕೇಳಿ ಬೇಸಿಗೆ, ಹೊಲದಲ್ಲಿ ಕೆಲಸವಿಲ್ಲ. ಜನ ಬರುತ್ತೇವೆಂದರು.

ಮೂರು ದಿನ ಮೊದಲು, ಒಮ್ಮೆ ನೋಡಿಕೊಳ್ಳೋಣವೆಂದು ಸುನಂದಾ ಮಾಳಿಗೆ ಹತ್ತಿದಳು. ರೋಹಿಣಿ ಇರಲಿಲ್ಲ. ತಡವಾಗಿ ಹುಟ್ಟುತ್ತದೇನೋ ಎಂದು ಊಟ ಮಾಡಿ ಮತ್ತೆ ಹತ್ತಿದಳು. ಬೆಳಗಿನ ಜಾವ ಎದ್ದು ಮತ್ತೊಮ್ಮೆ ಹತ್ತಿದಳು. ಮಾರನೆಯ ದಿನವೂ ಅದೇ ಕಥೆ. ಮೋಡ ಕೂಡ ಇರಲಿಲ್ಲ, ಅಡಗಿದೆ ಎನ್ನುವುದಕ್ಕೆ. ಅಪ್ಪ ತೋರಿಸಿದ ಚಿಕ್ಕಿ ಎಲ್ಲಿಗೆ ಹೋಯಿತು?

ನಕ್ಷೆಯ ಪುಸ್ತಕ ತೆಗೆದಳು. ಅದರಲ್ಲಿ ಜನವರಿಯ ಪುಟ ಅವಳ ಬೆರಳು ತಾಗಿ ತಾಗಿ ಸವೆದಿತ್ತು. ಬೇಸಿಗೆ, ಮಳೆಗಾಲದ ಪುಟಗಳನ್ನು ಅವಳು ತಿರುವಿರಲೇ ಇಲ್ಲ. ಆಗ ಬರೀ ಧೂಳು, ಮೋಡ, ಏನು ಕಂಡೀತು ಎಂಬ ಉದಾಸೀನ. ಮೇ ತಿಂಗಳ ಪುಟದಲ್ಲಿ ಜ್ಯೇಷ್ಠಾ ಎಂಬ ಕೆಂಪು ಚಿಕ್ಕಿ ಇತ್ತು, ರೋಹಿಣಿಯ ಹೆಸರೇ ಇರಲಿಲ್ಲ. ಗೋಡೆಯ ಮೇಲಿನ ಕ್ಯಾಲೆಂಡರ್ ನೋಡಿದಳು. ಇಪ್ಪತ್ತೈದನೆಯ ತಾರೀಖಿನ ಮನೆಯಲ್ಲಿ ಇರುವೆಯಂಥ ಅಕ್ಷರಗಳಲ್ಲಿ ಬರೆದಿತ್ತು: ಸೂರ್ಯನು ರೋಹಿಣಿಯಲ್ಲಿ.

ಸುನಂದಾ ಹಣೆ ಹಣೆ ಬಡಿದುಕೊಂಡಳು. ರೋಹಿಣಿ ಮಳೆ ಎಂದರೆ ಸೂರ್ಯ ರೋಹಿಣಿಯ ಬಳಿಗೆ ಬಂದ ಕಾಲ. ಸೂರ್ಯನ ಜೊತೆ ಹುಟ್ಟಿ ಸೂರ್ಯನ ಜೊತೆ ಮುಳುಗುವ ಚಿಕ್ಕಿ ರಾತ್ರಿ ಎಲ್ಲಿಂದ ಕಂಡೀತು? ವರ್ಷದ ಉಳಿದ ದಿನಗಳಲ್ಲಿ ತೋರಿಸಬಹುದಾಗಿದ್ದ ಚಿಕ್ಕಿಯನ್ನು, ತೋರಿಸಲಾಗದ ದಿನವನ್ನೇ ಹುಡುಕಿ, ತೋರಿಸುತ್ತೇನೆಂದು ಅವಳು ಊರಿಗೆಲ್ಲ ಸಾರಿದ್ದಳು.

ಲಾಡಬಿಯ ಬಳಿ ಓಡಿದಳು. “ಲಾಡಬಿ, ಕಾರ್ಯಕ್ರಮ ಇಲ್ಲ ಅಂತ ಒಂದೀಟ ಮೈಕಿನ್ಯಾಗ ಹೇಳ್ತಿ ಏನ?”

“ಐದು ದಿನ ಒದರೇನಿ ಸುನಂದಾ. ಈಗ ಇಲ್ಲ ಅಂದ್ರ, ನಾಳಿ ಕಸಾ ಹಾಕ್ರಿ ಅಂದ್ರೂ ಯಾರೂ ಖರೆ ಅನ್ನೂದಿಲ್ಲ.”

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಇಪ್ಪತ್ತೈದರ ಸಂಜೆ ಸುನಂದಾ ಮನೆಗೂ ಗ್ರಂಥಾಲಯಕ್ಕೂ ಎಷ್ಟು ಸಲ ಓಡಾಡಿದಳೋ ಲೆಕ್ಕವಿಲ್ಲ. ಸೂರ್ಯ ಮುಳುಗುವ ಹೊತ್ತಿಗೆ ಮಾಳಿಗೆಯ ಮೇಲೆ ಐವತ್ತು ಅರವತ್ತು ಜನ. ಸಾವಿತ್ರೆವ್ವ ಕೌದಿ ಹಾಸಿ ಮುಂದೆಯೇ ಕೂತಿದ್ದಳು, ಸೊಸೆಯ ಬಗ್ಗೆ ಜಂಬ ಮುಖದಲ್ಲಿ ಕಾಣುತ್ತಿತ್ತು. ಸುನಂದಾ ಆ ಆರು ಪುಸ್ತಕಗಳಲ್ಲಿ ಓದಿದ ಅದೂ ಇದೂ ಹೇಳುತ್ತ ಹೊತ್ತು ಕಳೆದಳು. ನಾವಿರುವ ಗ್ಯಾಲಕ್ಸಿ ಎಷ್ಟು ದೊಡ್ಡದು, ಅದರಲ್ಲಿ ಸೂರ್ಯ ಎಷ್ಟು ಸಣ್ಣವನು ಎಂದಳು. ಜನ ಆಕಳಿಸಿದರು.

“ಅದೆಲ್ಲಾ ಇರ್ಲಿ ತಂಗಿ, ರೋಹಿಣಿ ಎಲ್ಲೈತಿ?” ಹಿಂದಿನಿಂದ ಯಾರೋ ಕೂಗಿದರು.

ಅಷ್ಟರಲ್ಲಿ ಚಂದಪ್ಪಜ್ಜ ಎದ್ದು ನಿಂತ. ಆಗ್ನೇಯ ದಿಕ್ಕಿನಲ್ಲಿ, ಜಾಲಿ ಮರಗಳ ಮೇಲೆ, ಕೆಂಡದಂತೆ ಒಂದು ಚಿಕ್ಕಿ ಹೊಳೆಯುತ್ತಿತ್ತು. “ಅದಽ ಹೌದಲ್ಲೇನವ್ವ? ಕೆಂಪಗೈತಿ ನೋಡು.”

ಅದು ಜ್ಯೇಷ್ಠಾ. ರೋಹಿಣಿಗೆ ಸರಿಯಾಗಿ ಎದುರು ದಿಕ್ಕಿನ ಚಿಕ್ಕಿ. ಅಲ್ಲಿದ್ದವರಲ್ಲಿ ಅದು ಗೊತ್ತಿದ್ದವಳು ಸುನಂದಾ ಒಬ್ಬಳೇ. ಆರು ಪುಸ್ತಕಗಳು ಕಣ್ಣ ಮುಂದೆ ಬಂದವು.

“ಹೌದ್ರಿ ಅಜ್ಜಾರ” ಎಂದುಬಿಟ್ಟಳು.

ಮಾಳಿಗೆಯ ಮೇಲೆ ಗುಸುಗುಸು ಎದ್ದಿತು. ತಾಯಂದಿರು ಮಕ್ಕಳನ್ನು ಎತ್ತಿ ತೋರಿಸಿದರು, ಕೆಲವರು ಮೊಬೈಲು ಮೇಲೆತ್ತಿದರು. ಚಂದಪ್ಪಜ್ಜ ಮಾತ್ರ ಅಲುಗಾಡದೆ ನೋಡುತ್ತ ನಿಂತ. ಆಮೇಲೆ ಎರಡೂ ಕೈಯಿಂದ ರುಮಾಲು ಬಿಚ್ಚಿ ಕಂಕುಳಲ್ಲಿ ಇಟ್ಟುಕೊಂಡು, ಬೋಳು ತಲೆಯನ್ನು ಬಾಗಿಸಿ, ಆ ಚಿಕ್ಕಿಗೆ ಕೈ ಮುಗಿದ.

“ತಾಯೀ, ಹುಟ್ಟಿದಾಗಿಂದ ನಿನ್ನ ಹೆಸರ ಹೇಳಿ ಬಿತ್ತೇನಿ. ಇವತ್ತ ಈ ಹೆಣ್ಣಮಗಳ ಪುಣ್ಯೇದಿಂದ ಮಾರಿ ನೋಡಿದ್ನಿ.”

ಸುನಂದಾಳಿಗೆ ನುಂಗೋಣವೆಂದರೆ ಬಿಸಿ ತುಪ್ಪ, ಉಗುಳೋಣವೆಂದರೆ ಊರಿಗೆ ಊರೇ ಎದುರಿಗಿದೆ. ಜನ ಏಳತೊಡಗಿದ್ದರು, ಇಬ್ಬರು ಮೂವರು ಆ ಪುಸ್ತಕಗಳು ಎಲ್ಲಿವೆ ಎಂದು ಕೇಳುತ್ತಲೂ ಇದ್ದರು. ಬಾಯಿ ಮುಚ್ಚಿಕೊಂಡಿದ್ದರೆ ಎಲ್ಲವೂ ಸುಸೂತ್ರ. ಅವಳು ಮೆಟ್ಟಿಲ ಬಾಯಿಗೆ ಹೋಗಿ ಅಡ್ಡ ನಿಂತಳು.

“ಯಾರೂ ಇಳೀಬ್ಯಾಡ್ರಿ. ನಾ ಸುಳ್ಳ ಹೇಳೇನಿ. ಅದು ರೋಹಿಣಿ ಅಲ್ಲ, ಜ್ಯೇಷ್ಠಾ. ರೋಹಿಣಿ ಈಗ ಸೂರ್ಯನ ಹಂತ್ಯಾಕ ಐತಿ, ಹಗಲಿಗೆ ಬಂದು ಹಗಲಿಗೇ ಹೋಗ್ತೈತಿ. ರೋಹಿಣಿ ಮಳಿ ಇದ್ದಾಗ ರೋಹಿಣಿ ಯಾರಿಗೂ ಕಾಣೂದಿಲ್ರಿ. ಅದು ನನಗ ಮೊನ್ನೆ ತಿಳೀತು. ತಪ್ಪಾತ್ರಿ.”

ಚಂದಪ್ಪಜ್ಜನ ಕೈಯಲ್ಲಿ ರುಮಾಲು ಇನ್ನೂ ಇತ್ತು.

“ಸುಳ್ಳ ಚಿಕ್ಕಿಗೆ ನನ್ನ ರುಮಾಲ ತಗಸಿದಿ?” ಎಂದ ಅವನು. “ಮದಲ ಹೇಳಿದ್ದು ಸುಳ್ಳೋ, ಈಗ ಹೇಳಿದ್ದು ಸುಳ್ಳೋ? ರೋಹಿಣಿ ಮಳ್ಯಾಗ ರೋಹಿಣಿ ಇರೂದಿಲ್ಲ ಅಂತ ನಮ್ಮಪ್ಪ ಹೇಳಿಲ್ಲ, ನಮ್ಮಜ್ಜ ಹೇಳಿಲ್ಲ. ಎಲ್ಲಿ ಬರದೈತಿ ತಗೊಂಡ ಬಾ ಆ ಪುಸ್ತಕ!”

ನಕ್ಷೆಯ ಪುಸ್ತಕವನ್ನು ಕಂಕುಳಲ್ಲಿ ಇರುಕಿಕೊಂಡು, ದಾಖಲೆಯಲ್ಲಿ ಸೊಟ್ಟಂಬಟ್ಟ ಸಹಿ ಗೀಚಿ, ಅವನು ಸುನಂದಾಳ ಮುಖ ನೋಡದೆ ಹೋದ. ಮನೆಗೆ ಬರುವ ದಾರಿಯಲ್ಲಿ ಸಾವಿತ್ರೆವ್ವ ಕೌದಿಯನ್ನು ತಾನೇ ಹೊತ್ತುಕೊಂಡಳು, ಸೊಸೆಯ ಕೈಗೆ ಕೊಡಲಿಲ್ಲ.

ಮಾರನೆಯ ದಿನದಿಂದ ಊರು ಎರಡಾಯಿತು. ಸುನಂದಾ ಹೇಳಿದ್ದು ಖರೆ ಎನ್ನುವವರು ಒಂದು ಕಡೆ, ಮರ್ಯಾದೆ ಉಳಿಸಿಕೊಳ್ಳಲು ಕಥೆ ಕಟ್ಟಿದ್ದಾಳೆ ಎನ್ನುವವರು ಇನ್ನೊಂದು ಕಡೆ. ಚಹಾದಂಗಡಿಯಲ್ಲಿ ಸಕ್ಕರೆ ಡಬ್ಬಿಯನ್ನು ಸೂರ್ಯ ಮಾಡಿ, ಲೋಟವನ್ನು ಭೂಮಿ ಮಾಡಿ, ಜಗಳವಾಡಿದರು. ಅವಳನ್ನು ಸುಳ್ಳಿ ಎಂದು ಸಾಬೀತು ಮಾಡಲು ಬರಿಗಣ್ಣಿನ ಪುಸ್ತಕ ಹೋಯಿತು. ಅಲ್ಲವೆಂದು ಸಾಬೀತು ಮಾಡಲು ಗ್ಯಾಲಕ್ಸಿಯ ಪುಸ್ತಕ ಹೋಯಿತು. ಜಗಳಕ್ಕೆ ಬಂದು ಬರಿಗೈಯಲ್ಲಿ ಹೋಗಲಾರದವರು ಕಾದಂಬರಿಗಳನ್ನು ಒಯ್ದರು. ಜೂನ್ ಮೊದಲ ವಾರ ತಾಲೂಕಿನಿಂದ ಬಂದ ಪ್ರೇಮಕುಮಾರನೆಂಬ ನೌಕರ ಕೆಳಗಿನ ಸಾಲಿಗೆ ಬಗ್ಗಿ ನೋಡಿದ. ಧೂಳಿನಲ್ಲಿ ಆರು ಪುಸ್ತಕಗಳ ಗುರುತು ಮಾತ್ರ ಇತ್ತು. ಒಯ್ಯಲು ಏನೂ ಇಲ್ಲದೆ ಚಹಾ ಕುಡಿದು ಹೋದ.

ಪುಸ್ತಕ ಉಳಿದವು. ಸುನಂದಾಳಿಗೆ ಮಾತ್ರ ನೆಮ್ಮದಿ ಬರಲಿಲ್ಲ. ಓದಲು ಒಂದೂ ಕೈಯಲ್ಲಿಲ್ಲ, ಕುರ್ಚಿಯಲ್ಲಿ ಕೂತರೆ ಇರುವೆ ಹರಿದಂತೆ. ಐದು ಪುಸ್ತಕಗಳು ಒಂದೊಂದಾಗಿ ಮರಳಿ ಬಂದು ಮತ್ತೆ ಹೋದವು, ಚಂದಪ್ಪಜ್ಜನದು ಬರಲಿಲ್ಲ. ಅವನು ಪೇಪರ್ ಓದಲು ಬರುವುದನ್ನೂ ಬಿಟ್ಟಿದ್ದ. ಅವನ ಖಾಲಿ ಕುರ್ಚಿ ಕಂಡಾಗಲೆಲ್ಲ ಆ ಬೋಳು ತಲೆ ಬಾಗಿದ್ದು ಕಣ್ಣಿಗೆ ಕಟ್ಟುತ್ತಿತ್ತು. ಒಂದು ದಿನ ಅವನ ಮನೆಯ ತನಕ ಹೋದಳು, ಬಾಗಿಲು ತಟ್ಟಲಾರದೆ ತಿರುಗಿ ಬಂದಳು. ಅವನ ಸೊಸೆ ಶೈಲಾ ಬಾವಿಯ ಹತ್ತಿರ ಸಿಕ್ಕು, “ಸಣ್ಣ ಅಕ್ಷರ ಕಾಣೂದಿಲ್ಲಂತ ಮಾವ ದಿನಾ ಆ ಪುಸ್ತಕ ನನ್ನ ಕಡಿಂದ ಓದಸ್ತಾನ್ರಿ, ನಿಮ್ಮ ಹೆಸರ ಎತ್ತಿದ್ರ ಮಾತಽ ಆಡೂದಿಲ್ಲ” ಎಂದಳು. ರೋಹಿಣಿ ಮಳೆ ಹೋಯಿತು, ಮೃಗಶಿರಾ ಹೋಯಿತು. ಬಿತ್ತನೆ ಮುಗಿಯಿತು.

ಆರಿದ್ರಾ ಕೂಡಿ ಎಂಟು ದಿನವಾಗಿತ್ತು. ಕೋಳಿ ಕೂಗುವ ಹೊತ್ತಿಗೆ ಬಾಗಿಲು ಬಡಿದ ಸದ್ದಾಯಿತು. ಸುನಂದಾ ತೆಗೆದು ನೋಡಿದರೆ ಚಂದಪ್ಪಜ್ಜ. ಹೆಗಲ ಮೇಲೆ ಕಂಬಳಿ, ಕಂಕುಳಲ್ಲಿ ಪುಸ್ತಕ.

“ಮ್ಯಾಳಗಿ ಮ್ಯಾಲ ಬಾ” ಎಂದಷ್ಟೇ ಹೇಳಿ, ಅವನೇ ಮುಂದಾಗಿ ಮೆಟ್ಟಿಲು ಹತ್ತಿದ.

ರಾತ್ರಿಯ ಮೋಡ ಪೂರ್ವದಲ್ಲಿ ಹರಿದಿತ್ತು. ಹೊಲಗಳ ಅಂಚಿಗೆ ಬೆಳಕು ಇನ್ನೂ ಬಂದಿರಲಿಲ್ಲ. ಮೇಲೆ ಕೃತ್ತಿಕೆಯ ಸಣ್ಣ ಗೊಂಚಲು, ಅದರ ಕೆಳಗೆ, ಆಗ ತಾನೆ ಸೂರ್ಯನ ಕೈಯಿಂದ ಬಿಡಿಸಿಕೊಂಡು ಬಂದ ಒಂದು ಕೆಂಪು ಚಿಕ್ಕಿ.

“ಹದಿನೈದು ದಿನ ಆತು, ಹೊತ್ತ ಹುಟ್ಟೂಕ್ಕಿಂತ ಮದಲ ಎದ್ದ ಕುಂಡ್ರಾಕ ಹತ್ತಿ” ಎಂದ ಅಜ್ಜ. “ಇವತ್ತ ಕಂಡೈತಿ. ನಕ್ಷಾದಾಗ ಹಿಂಗಽ ಐತಿ. ನಾ ನಕ್ಷಾ ನಂಬೂದಿಲ್ಲ. ನೀ ಹೇಳು. ಇದು ಖರೆ ಏನು?”

ಸುನಂದಾ ಅವಸರ ಮಾಡಲಿಲ್ಲ. ಕಣ್ಣು ಒರೆಸಿಕೊಂಡು ಇನ್ನೊಮ್ಮೆ ನೋಡಿದಳು.

“ಖರೇನ್ರಿ ಅಜ್ಜಾರ. ಇದು ರೋಹಿಣಿ.”

ಚಂದಪ್ಪಜ್ಜ ಪುಸ್ತಕವನ್ನು ಅವಳ ಕೈಗೆ ಕೊಟ್ಟ. ಆಮೇಲೆ ಎರಡೂ ಕೈ ಮೇಲೆತ್ತಿ, ನಿಧಾನವಾಗಿ, ರುಮಾಲು ಬಿಚ್ಚತೊಡಗಿದ.