ಬಸ್ಸು ತೆಗೆದ ಆಟ

ಇಲ್ಲಿಯ ಕೆಲವು ವಿವರಗಳಲ್ಲಿ ನಾನು ತಪ್ಪಿರಬಹುದು. ಟಿ.ವಿ. ಬಣ್ಣದ್ದೋ ಕಪ್ಪು-ಬಿಳುಪಿನದೋ, ಅಣ್ಣ ಕಂಪ್ಯೂಟರನ್ನು ಮನೆಗೆ ತಂದದ್ದು ಸೈಕಲ್ ಕ್ಯಾರಿಯರ್ ಮೇಲೋ ಆಟೋದಲ್ಲೋ, ಖಚಿತವಿಲ್ಲ. ಹದಿನಾರನೆಯ ವಯಸ್ಸಿನಿಂದ ಡೈರಿ ಬರೆಯುತ್ತಿದ್ದೇನೆ. ಆ ಬೇಸಿಗೆಯ ಪುಟಗಳ ಮೇಲೆ ಮಾತ್ರ ತಾರೀಖು ಹಾಕಿಲ್ಲ. ಎಂಬತ್ತರ ದಶಕದ ಕೊನೆಯ ಒಂದು ವರ್ಷ ಅದು. ಧಾರವಾಡದಲ್ಲಿ ಇತಿಹಾಸದ ಎಂ.ಎ. ಮುಗಿಸಿ ಮನೆಗೆ ಬಂದಿದ್ದೆ. ಕೆಲಸವಿಲ್ಲದವಳಿಗೆ ತಾರೀಖು ಯಾತಕ್ಕೆ ಅನ್ನಿಸಿರಬೇಕು. ಸಾಲದ್ದಕ್ಕೆ ಆ ನೋಟ್‌ಬುಕ್ಕಿನ ಪಿನ್ನುಗಳು ತುಕ್ಕು ಹಿಡಿದು ಹಾಳೆಗಳು ಬಿಡಿಬಿಡಿಯಾಗಿವೆ. ಯಾವ ಹಾಳೆ ಮೊದಲು, ಯಾವುದು ನಂತರ ಎಂದು ಈಗ ಹೇಳಲಾರೆ.

ಆಗ ನಮ್ಮ ಮನೆ ಬಳ್ಳಾರಿಯ ಸತ್ಯನಾರಾಯಣಪೇಟೆಯಲ್ಲಿತ್ತು. ಅಪ್ಪ, ಅವ್ವ, ಅಣ್ಣ, ನಾನು, ಮತ್ತು ಅಪ್ಪನ ತಂಗಿಯಾದ ನಮ್ಮ ಅತ್ತೆ. ಅಣ್ಣ ಗಾಂಧಿನಗರದಲ್ಲಿ ಬಟ್ಟೆ ಅಂಗಡಿಯೊಂದರ ಮೇಲಿದ್ದ ಕಂಪ್ಯೂಟರ್ ತರಗತಿಯಲ್ಲಿ ಪಾಠ ಹೇಳುತ್ತಿದ್ದ. ರಜೆಯ ಮಟ್ಟಿಗೆ ಅಲ್ಲಿಯ ಒಂದು ಹಳೆಯ ಯಂತ್ರವನ್ನು ಮನೆಗೆ ಒಯ್ಯಲು ಬಿಟ್ಟಿದ್ದರು. ಕೀಲಿಮಣೆಯೊಳಗೇ ಇಡೀ ಕಂಪ್ಯೂಟರ್. ಅದನ್ನು ಟಿ.ವಿ.ಗೆ ಜೋಡಿಸಬೇಕು, ಬರೆದದ್ದನ್ನು ಟೇಪ್ ರೆಕಾರ್ಡರಿನ ಕ್ಯಾಸೆಟ್ಟಿನಲ್ಲಿ ಉಳಿಸಬೇಕು. ಕ್ಯಾಸೆಟ್ ಓಡುವಾಗ ಕೀರಲು ಸದ್ದು ಬರುತ್ತಿತ್ತು. "ಯಾರ ಕುತ್ತಿಗಿ ಹಿಚಕಾಕತ್ತೀರಲೇ?" ಎಂದು ಅತ್ತೆ ಒಲೆಯ ಮುಂದಿನಿಂದಲೇ ಕೇಳುತ್ತಿದ್ದಳು.

ಅಣ್ಣನಿಗೆ ಕಾಲದಲ್ಲಿ ಹಿಂದಕ್ಕೆ ಹೋಗುವ ಒಂದು ಆಟ ಮಾಡಬೇಕಿತ್ತು. ಪರದೆಯ ಮೇಲೆ ಒಂದು ಚಿತ್ರ, ಒಂದು ಬಾಣ. ನಾಲ್ಕು ಗುಂಡಿಗಳಿಂದ ಬಾಣವನ್ನು ಸರಿಸಿ ಒಂದು ವಸ್ತುವಿನ ಮೇಲೆ ನಿಲ್ಲಿಸಿ ಉದ್ದನೆಯ ಗುಂಡಿ ಒತ್ತಿದರೆ ಆ ವಸ್ತು ತೆರೆಯುತ್ತದೆ, ಇಲ್ಲವೇ ಕೈಗೆ ಬರುತ್ತದೆ, ಎರಡೂ ಆಗದಿದ್ದರೆ ಕೆಳಗೆ ಒಂದು ಮಾತು ಮೂಡುತ್ತದೆ. ಮೊದಲ ಚಿತ್ರದಲ್ಲಿ ನಮ್ಮ ಪಡಸಾಲೆಯ ಗೋಡೆ ಗಡಿಯಾರ. ಅದನ್ನು ಒತ್ತಿದರೆ ಮುಳ್ಳು ಹಿಂದಕ್ಕೆ ತಿರುಗುತ್ತದೆ. ಎಲ್ಲಿಗೆ ಹೋಗುವುದು ಎನ್ನುವುದೇ ತೀರ್ಮಾನವಾಗಿರಲಿಲ್ಲ.

"ಬಳ್ಳಾರಿ ಕೋಟಿ ಮಾಡೂಣೇನು?" ಎಂದೆ, ಗುಡ್ಡದ ಮೇಲಿನ ಕೋಟೆ ನೆನಪಾಗಿ.

"ಕೋಟಿಯೊಳಗ ಏನೈತಿ, ಬಿಸಲು," ಎಂದ ಅಣ್ಣ. "ಅತ್ತಿ ಕತಿ ಮಾಡೂಣು. ಬಾಗಲಾ, ಚಿಲಕಾ ಎಲ್ಲಾ ತಯಾರ ಅದಾವು."

ಅತ್ತೆಯ ಕಥೆ ನಮ್ಮ ಮನೆಯಲ್ಲಿ ನಗೆಯ ಸರಕಾಗಿತ್ತು. ಅರವತ್ತರ ದಶಕದಲ್ಲಿ ಕುರುಗೋಡಿನ ಶಾಲೆಯಲ್ಲಿ ಎಸ್ಸೆಸ್ಸೆಲ್ಸಿಯವರೆಗೆ ಓದಿದ ಒಬ್ಬಳೇ ಹುಡುಗಿ ಅವಳು. ಪರೀಕ್ಷೆ ಬರೆಯಲು ಬಸ್ಸು ಹಿಡಿದು ಬಳ್ಳಾರಿಗೆ ಹೋಗಬೇಕಿತ್ತು. ಮೊದಲ ದಿನ ಬೆಳಿಗ್ಗೆ ಬೆಲ್ಲ ತಾ ಎಂದು ಅವಳನ್ನು ಉಗ್ರಾಣಕ್ಕೆ ಕಳಿಸಿ ಹೊರಗಿನಿಂದ ಚಿಲಕ ಹಾಕಿದರು. ಹಾಕಿದವನು ಅವಳ ಅಣ್ಣ, ಅಂದರೆ ನಮ್ಮಪ್ಪ. ಮಧ್ಯಾಹ್ನ ಸಿರುಗುಪ್ಪದವರು ಜೀಪಿನಲ್ಲಿ ಹೆಣ್ಣು ನೋಡಲು ಬಂದರು. ಬಾಗಿಲು ತೆರೆದದ್ದು ಆಗಲೇ. ಸಿರುಗುಪ್ಪದಲ್ಲಿ ಅವಳು ಬಾಳಿದ್ದು ಎರಡು ವರ್ಷ. ಮಕ್ಕಳಾಗಲಿಲ್ಲವೆಂದು ಅವರೇ ತಂದು ಬಿಟ್ಟುಹೋದರು. ಅಲ್ಲಿಂದ ಮುಂದೆ ನಮ್ಮ ಮನೆಯ ರೊಟ್ಟಿ, ಮುಸುರೆ, ದಮ್ಮಿನಿಂದ ನರಳುವ ಅವ್ವನ ಆರೈಕೆ ಅವಳ ಪಾಲು. ಅಪ್ಪ ಅವಳನ್ನು ಹೆಸರಿನಿಂದ ಕರೆದದ್ದು ನಾನು ಕೇಳಿಲ್ಲ. "ಏನವಾ ಎಸ್ಸೆಸ್ಸೆಲ್ಸಿ, ಚಾ ಆತೇನು?" ಎನ್ನುತ್ತಿದ್ದ. ನಾವು ನಗುತ್ತಿದ್ದೆವು. ಅವಳೂ ನಗುತ್ತಿದ್ದಳೆಂದು ನನ್ನ ನೆನಪು.

ಕುರುಗೋಡಿನ ಹಳೆಯ ಮನೆಯ ಚಿತ್ರ ಬೇಕಾದ್ದರಿಂದ ಅತ್ತೆಯನ್ನೇ ಕೂರಿಸಿಕೊಂಡೆವು. ಅವಳು ಹೇಳಿದಂತೆ ನಾನು ಗ್ರಾಫ್ ಹಾಳೆಯ ಚೌಕಗಳನ್ನು ಪೆನ್ಸಿಲಿನಿಂದ ತುಂಬುತ್ತಿದ್ದೆ, ಅಣ್ಣ ಆ ಚೌಕಗಳನ್ನು ಅಂಕಿಗಳಾಗಿ ಮಾಡಿ ಯಂತ್ರಕ್ಕೆ ಹೊಡೆಯುತ್ತಿದ್ದ. ಉಗ್ರಾಣದಲ್ಲಿ ಏನೇನಿತ್ತು ಎನ್ನುವುದು ಅವಳಿಗೆ ಬಾಯಿಪಾಠವಾಗಿತ್ತು. ಬೆಲ್ಲದ ಗಡಿಗೆ ಎಲ್ಲಿ, ಗೂಡು ಎಷ್ಟು ಎತ್ತರ, ಮಾಳಿಗೆಯಲ್ಲಿ, ಅಂದರೆ ಮಣ್ಣಿನ ಚಾವಣಿಯಲ್ಲಿ, ಬೆಳಕಿಂಡಿ ಯಾವ ಮೂಲೆಗೆ.

"ಜ್ವಾಳದ ಚೀಲ ನಾಕು ಇದ್ದುವು," ಎಂದಳು. "ಮೂರು ಒಂದರ ಮ್ಯಾಲೊಂದು ಇಟ್ಟಿದ್ರ ಬೆಳಕಿಂಡಿಗೆ ಕೈ ಹತ್ತತಿತ್ತು. ಮಾಳಿಗಿಯಿಂದ ಹಿತ್ತಲಕ್ಕ ಇಳಿಯಾಕ ಬೇವಿನ ಗಿಡಾ ಇತ್ತು. ಅಲ್ಲಿಂದ ಬಸ್ಸಿಗೆ ನಾಕ ಹೆಜ್ಜಿ."

"ಒಂದೊಂದು ಚೀಲ ಕ್ವಿಂಟಾಲು. ನೀ ಎತ್ತತಿದ್ದಿ?" ಎಂದ ಅಣ್ಣ.

"ಅರ್ಧಾ ಸುರುವಿ ಎತ್ತಬೇಕು. ಅಷ್ಟೂ ತಿಳೀಬಾರದ?"

"ಮತ್ತ ಯಾಕ ಎತ್ತಲಿಲ್ಲ?" ಎಂದು ಕೇಳಿದೆ.

"ಆವತ್ತು ಹೊಳೀಲಿಲ್ಲ. ಸಿರುಗುಪ್ಪಕ್ಕ ಹೋದ ಮ್ಯಾಲ ಹೊಳೀತು."

ಆಟಕ್ಕೆ ಅಷ್ಟು ಸಾಕಾಗಿತ್ತು. ದಾರಿ ಅವಳು ಹೇಳಿದ್ದೇ, ಆದರೆ ಚೀಲದ ಬಾಯಿಯ ಹೊಲಿಗೆಯಲ್ಲಿ ಒಂದೇ ಒಂದು ಚೌಕದ ಮೇಲೆ ಒತ್ತಿದರೆ ಮಾತ್ರ ಅದು ತೆರೆಯುವಂತೆ ಅಣ್ಣ ಮಾಡಿದ. ಉಗ್ರಾಣದಲ್ಲಿ ಎರಡು ಜಡೆಯ ಹುಡುಗಿ. ನಲವತ್ತು ಸಲ ಗುಂಡಿ ಒತ್ತುವುದರೊಳಗೆ ಅವಳು ಹೊರಗೆ ಬಂದು ಬಸ್ಸು ಹತ್ತಬೇಕು. ಇಲ್ಲದಿದ್ದರೆ ಸಿರುಗುಪ್ಪದ ಜೀಪು ಬರುತ್ತದೆ, ಆಟ ಮುಗಿಯುತ್ತದೆ. ಬಸ್ಸನ್ನು ನಾನೇ ಬಿಡಿಸಿದೆ. ಕಿಟಕಿಗಳನ್ನು ಒಂದೊಂದೇ ಚೌಕ ಬಿಟ್ಟು ಮಾಡಿದ್ದು ಬೆರಳಿಗೆ ಈಗಲೂ ಗೊತ್ತಿದೆ.

ಮಾತು ಬರೆಯುವ ಕೆಲಸವೂ ನನ್ನದು. ತಪ್ಪು ವಸ್ತುವನ್ನು ಒತ್ತಿದರೆ ಆಟ ಆಡುವವರನ್ನು ಹಂಗಿಸಬೇಕು, ಪರದೇಶದ ಆಟಗಳಲ್ಲಿ ಹಾಗೇ ಇರುತ್ತದೆ ಎಂದು ಅಣ್ಣ ಹೇಳಿದ್ದ. ನಾನು ಹೇಳಿಸಿಕೊಳ್ಳಬೇಕಾಗಿರಲಿಲ್ಲ. ಚೀಲವನ್ನು ಬೇರೆಲ್ಲಿ ಒತ್ತಿದರೂ, "ಚೀಲದಲ್ಲಿ ಜೋಳವಿದೆ, ನಿನ್ನ ತಲೆಯಲ್ಲಿ ಅದೂ ಇಲ್ಲ." ಬಾಗಿಲು ಬಡಿದರೆ, "ಮೆಲ್ಲಗೆ ಬಡಿ, ಬಳೆ ಒಡೆದರೆ ವರ ಏನಂದಾನು?" ಪುಸ್ತಕ ಒತ್ತಿದರೆ, "ಓದಿ ಏನು ಮಾಡುವೆ, ರೊಟ್ಟಿಗೆ ಲೆಕ್ಕ ಬೇಕಿಲ್ಲ." ಡೈರಿಯಲ್ಲಿ ಇವನ್ನೆಲ್ಲ ಬರೆದು ಒಂದೆರಡರ ಪಕ್ಕದಲ್ಲಿ ಚೆನ್ನಾಗಿದೆ ಎಂದು ಗುರುತು ಹಾಕಿಕೊಂಡಿದ್ದೇನೆ.

ಒಂದು ಭಾನುವಾರ ನೆರೆಮನೆಯವರನ್ನು ಕರೆದು ಆಟ ತೋರಿಸಿದೆವು. ಹತ್ತು ಹನ್ನೆರಡು ಜನ ಇರಬೇಕು. ಆಡಲು ಅತ್ತೆಯನ್ನು ಕೂರಿಸಿದ್ದು ಅಣ್ಣ. ಆ ಯಂತ್ರದಲ್ಲಿ ಕನ್ನಡ ಅಕ್ಷರ ಇರಲಿಲ್ಲ, ಕನ್ನಡದ ಮಾತನ್ನು ಇಂಗ್ಲಿಷ್ ಅಕ್ಷರದಲ್ಲಿ ಹೊಡೆದಿದ್ದೆವು. ಅಲ್ಲಿದ್ದ ಹೆಂಗಸರಲ್ಲಿ ನನ್ನನ್ನು ಬಿಟ್ಟರೆ ಅದನ್ನು ಓದಬಲ್ಲವಳು ಅತ್ತೆ ಒಬ್ಬಳೇ. ಉಳಿದವರು ಏನಂತೆ, ಏನಂತೆ ಎಂದು ಕೇಳುತ್ತಿದ್ದರು. ಅವಳು ಒಂದೊಂದೇ ಅಕ್ಷರ ಕೂಡಿಸಿ, ಶಾಲೆಯ ಹುಡುಗಿಯಂತೆ ಗಟ್ಟಿಯಾಗಿ ಓದಿ ಹೇಳಿದಳು. "ನಿ...ನ್ನ ತ...ಲೆ...ಯಲ್ಲಿ ಅ...ದೂ ಇಲ್ಲ." ಮನೆ ತುಂಬ ನಗು. ಅವಳು ಪೂರ್ತಿ ಓದುವ ತನಕ ಅರ್ಥ ಅವಳಿಗೆ ತಲುಪುತ್ತಿರಲಿಲ್ಲ. ತಲುಪುವಷ್ಟರಲ್ಲಿ ಎಲ್ಲರೂ ನಗುತ್ತಿದ್ದರು.

ಚಿಲಕ ಹಾಕುವ ಒಂದು ಕೈಯನ್ನೂ ಚಿತ್ರದಲ್ಲಿ ಮಾಡಿದ್ದೆವು, ಮುಖ ಇಲ್ಲದೆ.

"ಆ ಕೈ ಯಾರದಲೇ?" ಎಂದ ಅಪ್ಪ.

"ನಿಂದ ಅಣ್ಣಾ," ಎಂದಳು ಅತ್ತೆ, ಪರದೆಯಿಂದ ಕಣ್ಣು ಕೀಳದೆ. "ಉಂಗುರ ಒಂದ ಬಿಟ್ಟಾರ ನೋಡು."

ಅಪ್ಪ ಎಲ್ಲರಿಗಿಂತ ಜೋರಾಗಿ ನಕ್ಕ. ನಲವತ್ತು ಒತ್ತು ಮುಗಿದವು, ಜೀಪು ಬಂತು. "ಈ ಸಲಾನೂ ಫೇಲಾತಲ್ಲವಾ ಎಸ್ಸೆಸ್ಸೆಲ್ಸಿ," ಎಂದು ಅಪ್ಪ ಎದ್ದುಹೋದ.

ಮರುದಿನವೋ ಅದರ ಮರುದಿನವೋ ಮಧ್ಯಾಹ್ನ ಅತ್ತೆ ಒಂದು ಕಾಗದವನ್ನು ಸೆರಗಿನಲ್ಲಿ ಮುಚ್ಚಿಕೊಂಡು ನನ್ನ ಹತ್ತಿರ ಬಂದಳು. ಎಸ್ಸೆಸ್ಸೆಲ್ಸಿಗೆ ಹೊರಗಿನಿಂದ ಕಟ್ಟುವವರ ಫಾರ್ಮು. ಓಣಿಯ ಮೇಷ್ಟ್ರ ಹೆಂಡತಿಗೆ ಹೇಳಿ ತರಿಸಿದ್ದಳಂತೆ. ಹದಿನೈದು ದಿನದಲ್ಲಿ ಕೊಡಬೇಕಿತ್ತು.

"ನೀ ತುಂಬಿ ಕೊಡ್ತಿ?" ಎಂದಳು.

"ಅಪ್ಪ ಏನಂತಾನ?"

"ಅವ ಏನಂತಾನ ಗೊತ್ತೈತಿ. ಅವನ್ನ ಕೇಳಂಗಿಲ್ಲ." ಟಿ.ವಿ. ಕಡೆ ಗದ್ದ ತೋರಿಸಿದಳು. "ಇದನ್ನ ಕೇಳ್ತೀನಿ. ಆ ಹುಡುಗಿ ಬಸ್ಸು ಹತ್ತಿದ್ಲಂದ್ರ ಕಟ್ತೀನಿ. ಹತ್ತಲಿಲ್ಲಂದ್ರ ಬಿಡ್ತೀನಿ."

ಕುರುಗೋಡಿನ ದೊಡ್ಡ ಬಸವಣ್ಣನ ಗುಡಿಯಲ್ಲಿ ಹೂವಿನ ಪ್ರಸಾದ ಕೇಳುತ್ತಾರಲ್ಲ, ಬಲಕ್ಕೆ ಬಿದ್ದರೆ ಆಗುತ್ತದೆ, ಎಡಕ್ಕೆ ಬಿದ್ದರೆ ಇಲ್ಲ, ಹಾಗೆ. ನನಗೆ ನಗು ಬಂತು. ದೇವರನ್ನೇ ಕೇಳಬಾರದೇಕೆ ಎಂದೆ.

"ಅಲ್ಲಿ ಪೂಜಾರಿ ಇರ್ತಾನ, ಗಾಳಿ ಇರ್ತೈತಿ. ಇದಕ್ಕ ಯಾವುದೂ ಇಲ್ಲ. ಇದಕ್ಕ ನಮ್ಮ ಮನಿಯವರ ಪರಿಚಯನೂ ಇಲ್ಲ," ಎಂದಳು. ಆಮೇಲೆ, "ದಾರಿ ಐತಿ ಹೌದಿಲ್ಲೋ? ಅಷ್ಟ ಹೇಳು. ಎಲ್ಲಿ ಅಂತ ಹೇಳಬ್ಯಾಡ."

"ಐತಿ," ಎಂದೆ. ಅವಳು ಫಾರ್ಮನ್ನು ನನ್ನ ಪುಸ್ತಕದೊಳಗೆ ಇಟ್ಟು ಹೋದಳು.

ಆ ಹದಿನೈದು ದಿನ ಅವಳು ಪಾತ್ರೆ ತಿಕ್ಕಿ, ಅವ್ವನಿಗೆ ಔಷಧ ಕೊಟ್ಟು, ಕೈ ಒರೆಸಿಕೊಂಡು ಬಂದು ಟಿ.ವಿ. ಮುಂದೆ ಕೂರುತ್ತಿದ್ದಳು. ಕ್ಯಾಸೆಟ್ ಹಾಕುವುದನ್ನು ಅವಳೇ ಕಲಿತಳು. ಯಾವುದನ್ನು ಒತ್ತಿದರೆ ಏನಾಗುತ್ತದೆ ಎಂದು ಕ್ಯಾಲೆಂಡರಿನ ಹಿಂಬದಿಯಲ್ಲಿ ಬರೆದುಕೊಂಡಳು. ನನ್ನ ಬೈಗುಳಗಳನ್ನು ಈಗ ಮೆಲ್ಲಗೆ ಓದುತ್ತಿದ್ದಳು, ಕೆಲವನ್ನು ಓದದೆ ದಾಟಿಸುತ್ತಿದ್ದಳು. ಮನೆಯಲ್ಲಿ ಹೇಗೋ ಫಾರ್ಮಿನ ಸುದ್ದಿ ಹಬ್ಬಿತ್ತು. "ಆಕಿ ಓದಾಕ ಕುಂತ್ರ ರೊಟ್ಟಿ ಬಡಿಯೋರು ಯಾರು?" ಎಂಬ ಮಾತು ಆಗಲೇ ಬಂದದ್ದು. ಅದನ್ನು ಅವ್ವ ಅಂದಳೆಂದು ನಾನು ಬಹಳ ವರ್ಷ ನಂಬಿದ್ದೆ. ಡೈರಿಯ ಒಂದು ಬಿಡಿ ಹಾಳೆಯಲ್ಲಿ ಅದು ನನ್ನ ಮಾತಾಗಿಯೇ ಇದೆ. ನಾನು ಲೆಕ್ಚರರ್ ಸಂದರ್ಶನಕ್ಕೆ ಓದಿಕೊಳ್ಳುತ್ತಿದ್ದೆ. ಅತ್ತೆ ಪುಸ್ತಕ ಹಿಡಿದರೆ ಒಲೆಯ ಮುಂದೆ ಕೂರುವ ಸರದಿ ಯಾರದೆಂದು ನನಗೆ ಗೊತ್ತಿತ್ತು.

ಇನ್ನೊಂದು ಬಿಡಿ ಹಾಳೆಯಲ್ಲಿ ಎರಡೇ ಸಾಲು. "ಬಸ್ಸು ತೆಗೆದದ್ದಾಯಿತು. ಈಗ ಆಟ ಸರಿಯಾಯಿತು." ಅಕ್ಷರ ನನ್ನದೇ. ಆಟದಿಂದ ಅದನ್ನು ಯಾರು ತೆಗೆಯೆಂದರು, ಯಾವತ್ತು ತೆಗೆದೆವು, ಬರೆದಿಲ್ಲ. ಯಂತ್ರದಲ್ಲಿ ಜಾಗ ಸಾಲುವುದಿಲ್ಲ ಎಂದು ಅಣ್ಣ ಗೊಣಗಿದ್ದು ನೆನಪಿದೆ. ಆದರೆ ಅದೇ ಬೇಸಿಗೆ ಆ ಕೈಗೆ ನಾವು ಉಂಗುರ ಸೇರಿಸಿದೆವು, ಜಾಗ ಸಿಕ್ಕಿತು. ಉಂಗುರಕ್ಕೆ ನಾಲ್ಕೇ ಚೌಕ ಬೇಕಾದದ್ದು ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡದ್ದೂ ಇದೆ.

ಕೊನೆಯ ದಿನ ಅವಳು ದಾರಿ ಕಂಡುಹಿಡಿದಳು. ನಾನು ಅಲ್ಲೇ ಮಂಚದ ಮೇಲೆ ಪುಸ್ತಕ ಹಿಡಿದು ಕೂತಿದ್ದೆ. ಹೊಲಿಗೆಯ ಆ ಚೌಕ ಸಿಕ್ಕಿತು, ಚೀಲ ಸುರುವಿದಳು, ಒಂದರ ಮೇಲೊಂದು ಇಟ್ಟಳು, ಬೆಳಕಿಂಡಿ ಒತ್ತಿದಳು, ಹುಡುಗಿ ಮಾಳಿಗೆಗೆ ಬಂದಳು. ಬೇವಿನ ಗಿಡ. ಹಿತ್ತಲು. ರಸ್ತೆ. ಹನ್ನೊಂದು ಒತ್ತು ಉಳಿದಿದ್ದವು. ಅತ್ತೆ ತಿರುಗಿ ನನ್ನನ್ನು ನೋಡಿದಳು. ಅವಳ ಮುಖ ಹೇಗಿತ್ತೆಂದು ಬರೆಯಲು ಹೋಗುವುದಿಲ್ಲ, ಅದನ್ನು ನಾನು ಕಟ್ಟಿಕೊಂಡಿರಬಹುದು.

ರಸ್ತೆಯ ಮೇಲೆ ಬಾಣ ಇಟ್ಟು ಒತ್ತಿದಳು. "ಇಲ್ಲಿ ಏನೂ ಇಲ್ಲ." ರಸ್ತೆಯ ಆಚೆ ಒತ್ತಿದಳು. "ಇಲ್ಲಿ ಏನೂ ಇಲ್ಲ." ಎಲ್ಲೂ ಏನೂ ಇಲ್ಲದ ಕಡೆ ಮೂಡಲೆಂದು ಬರೆದ ಮಾತದು. ಇಡೀ ಆಟದಲ್ಲಿ ನಾನು ಹಂಗಿಸದೆ ಬರೆದ ಮಾತು ಅದೊಂದೇ. ಪರದೆಯ ಎಡ ಅಂಚಿನಿಂದ ಬಲ ಅಂಚಿನವರೆಗೆ ಒತ್ತುತ್ತಾ ಹೋದಳು.

"ಬಸ್ಸು ಎಲ್ಲಿ ನಿಲ್ತೈತವ್ವಾ?" ಎಂದು ಕೇಳಿದಳು.

ದಾರಿ ಇಲ್ಲವೆಂದು ಆಗ ನನಗೆ ಗೊತ್ತಿತ್ತು. ಇದರಲ್ಲಿ ಮರೆವಿನ ಮಾತಿಲ್ಲ. ಅಣ್ಣ ಪಕ್ಕದ ಕೋಣೆಯಲ್ಲಿದ್ದ, ಬಸ್ಸಿನ ಗ್ರಾಫ್ ಹಾಳೆ ಕಪಾಟಿನಲ್ಲಿತ್ತು, ಮತ್ತೆ ಸೇರಿಸಲು ಅರ್ಧ ಗಂಟೆ ಸಾಕಿತ್ತು. "ಹುಡುಕು," ಎಂದು ಪುಟ ತಿರುವಿದೆ.

ಜೀಪು ಬಂತು. ಅವಳು ಟಿ.ವಿ. ಆರಿಸಿದಳು. "ಹೋಗ್ಲಿ ಬಿಡು. ಉತ್ತರ ಬಂತು," ಎಂದು ಹಿಟ್ಟು ಕಲಸಲು ಎದ್ದಳು. ಅಂದಿನ ರೊಟ್ಟಿ ಎಂದಿನಂತೆಯೇ ಇದ್ದವು, ನಾನು ಮೂರು ತಿಂದೆ. ತುಂಬದ ಫಾರ್ಮು ನನ್ನ ಪುಸ್ತಕದೊಳಗೇ ಉಳಿಯಿತು.

ಯಂತ್ರ ಗಾಂಧಿನಗರಕ್ಕೆ ವಾಪಸಾಯಿತು. ಅಲ್ಲಿ ಆಟ ನೋಡಿದವರು ಹೊಟ್ಟೆ ಹಿಡಿದುಕೊಂಡು ನಕ್ಕರಂತೆ, ಮಾತು ಬರೆದದ್ದು ಯಾರೆಂದು ಕೇಳಿದರಂತೆ. ಅಣ್ಣನ ಕೆಲಸ ಕಾಯಂ ಆಯಿತು. ನನಗೂ ಕೆಲಸ ಸಿಕ್ಕಿತು. ಅತ್ತೆ ಮತ್ತೆಂದೂ ಪರೀಕ್ಷೆಯ ಮಾತೆತ್ತಲಿಲ್ಲ. ಅಪ್ಪ ಸಾಯುವ ತನಕ ಅವಳನ್ನು ಎಸ್ಸೆಸ್ಸೆಲ್ಸಿ ಎಂದೇ ಕರೆದ. ಅವಳೂ ತೀರಿಕೊಂಡು ಈಗ ಆರು ವರ್ಷ.

ಬಿಡಿ ಹಾಳೆಗಳನ್ನು ನಾನು ಹಲವು ರೀತಿಯಲ್ಲಿ ಜೋಡಿಸಿ ನೋಡಿದ್ದೇನೆ. ಬಸ್ಸಿನ ಹಾಳೆ ಮೊದಲು ಬಂದರೆ ನಾವು ಬರೀ ಕುಚೋದ್ಯದ ಜನ, ನಾನು ಹೇಳಿದ "ಐತಿ" ಒಂದು ಸುಳ್ಳು. ನಂತರ ಬಂದರೆ ಆ "ಐತಿ" ನಿಜವಾಗಿತ್ತು, ಅವಳು ಕೇಳಿಕೊಂಡು ಹೋದ ಮೇಲೆ ನಾವು ಎದ್ದು ಅದನ್ನು ಸುಳ್ಳು ಮಾಡಿದೆವು. ಶಾಯಿ ಒಂದೇ, ಪೆನ್ನು ಒಂದೇ.

ಅಣ್ಣ ಈಗ ಪಾರ್ವತಿನಗರದಲ್ಲಿದ್ದಾನೆ. ಹೋದ ವರ್ಷ ಅವನ ಮನೆಗೆ ಹೋಗಿ ಕೇಳಿದೆ. ಅವನು ಪೇಪರು ಮಡಿಸಿಟ್ಟು ಎದ್ದು ಹೋಗಿ ಅಂಗಳದ ಗಿಡಗಳಿಗೆ ನೀರು ಹಾಕತೊಡಗಿದ. ಮೊನ್ನೆ ಫೋನಿನಲ್ಲಿ ಮತ್ತೆ ಕೇಳಿದೆ. ಊಟದ ಹೊತ್ತಾಯಿತೆಂದು ಫೋನು ಇಟ್ಟ. ನಾನು ಕೇಳಿದ್ದು ಇಷ್ಟೇ:

"ಅಣ್ಣಾ, ನಾವು ಬಸ್ಸು ತೆಗೆದದ್ದು ಅತ್ತಿ ಫಾರ್ಮು ತಗೊಂಡು ನನ್ನ ಹತ್ತರ ಬರೋಕಿಂತ ಮೊದಲೋ, ಬಂದ ಮ್ಯಾಲೋ?"