ದೊಡ್ಡಿಯೊಳಗೆ ಕುಂತ ಅಜ್ಜ

ಮತ್ತೋಡಿನ ಕಡೆ ಪಂಚಾಯ್ತಿ ಕೆಲಸದಲ್ಲಿದ್ದಾಗ, ಬೆಳೆ ಮೇಯ್ದ ದನಕುರಿ ಕೂಡಿಹಾಕುವ ದೊಡ್ಡಿಯ ಬೀಗದಕೈ ನನ್ನ ಹತ್ತಿರವೇ ಇರುತ್ತಿತ್ತು. ಒಂದು ಮಧ್ಯಾಹ್ನ ಶೇಂಗಾ ಹೊಲದವರು ಒಂದು ಕುರಿಮಂದೆಯನ್ನು ಅಟ್ಟಿಕೊಂಡು ಬಂದು ಒಳಗೆ ಕೂಡಿದರು. ಹಿಂದೆಯೇ ಕುರಿ ಕಾಯುವ ಅಜ್ಜ ಓಡಿಬಂದ.

“ಸಾರ್, ಮರದಡಿ ನಿದ್ದೆ ಹೊಡೆದೋನು ನಾನು. ಹಸಿರು ಕಂಡ್ರೆ ಕುರಿ ಸುಮ್ನಿರ್ತಾವೇನ್ರಿ? ಅವನ್ನ ಬಿಡ್ರಿ, ನನ್ನ ಕೂಡಿಹಾಕ್ರಿ.”

“ಮನುಷ್ಯರನ್ನ ಕೂಡಿಹಾಕೋ ರೂಲ್ಸ್ ಇಲ್ಲ ಕಣಜ್ಜ.”

“ತಪ್ಪು ಮಾಡಿದೋನ್ನ ಬಿಟ್ಟು, ಏನೂ ತಿಳೀದಿರೋವನ್ನ ಕೂಡಿಹಾಕೋ ರೂಲ್ಸ್ ಐತಾ?”

ನಾನು ಸಿಟ್ಟಿನಲ್ಲೇ ಬಾಗಿಲು ತೆಗೆದೆ. ಕುರಿಗಳು ಹೊರಗೆ ಬಂದವು, ಅಜ್ಜ ಒಳಗೆ ಹೋಗಿ ಕುಂತ, ನಾನು ಬೀಗ ಹಾಕಿದೆ. ತಪ್ಪಿತಸ್ಥನಿಗೇ ಶಿಕ್ಷೆಯಾಯಿತೆಂಬ ಸಮಾಧಾನದಲ್ಲಿ ಟೀ ಕುಡಿದು ಬರುವಷ್ಟರಲ್ಲಿ, ಕಾಯುವವರಿಲ್ಲದ ಮಂದೆ ನೆಟ್ಟಗೆ ಅದೇ ಶೇಂಗಾ ಹೊಲಕ್ಕೆ ಹೋಗಿ ಇಳಿದಿತ್ತು.